ಕಲಿ

ಸಮಾಂತರ ಅಂದರೇನು ಎಂದು ಕೇಳಿದರೆ
ಅರಸೀಕೆರೆಯ ಮಕ್ಕಳು ತಡವರಿಸುವುದಿಲ್ಲ.
ರೈಲು ಹಳಿ ಸಾರ್, ಎನ್ನುತ್ತಾರೆ ಒಟ್ಟಿಗೆ.
ಅಷ್ಟರಲ್ಲಿ ಕಿಟಕಿಯಾಚೆ ಗೂಡ್ಸು ಗಾಡಿಯೊಂದು
ಹೌದು ಹೌದೆಂದು ಕೂಗಿ ಹೋಗುತ್ತದೆ.

ಅಲ್ಲಿಂದ ಮುಂದೆ ನನಗೂ ಕಷ್ಟ.
ಎರಡು ಬಾಹು ಸಮಾಂತರ, ಇನ್ನೆರಡು ಅಲ್ಲ.
ಕರಿಹಲಗೆಯ ಮೇಲೆ ತ್ರಾಪಿಜ್ಯ ಬರೆದು
ಮೇಲಿನದು ಎ, ಕೆಳಗಿನದು ಬಿ,
ಕೂಡಿ, ಎತ್ತರದಿಂದ ಗುಣಿಸಿ, ಅರ್ಧ ಮಾಡಿ.
ಹತ್ತೊಂಬತ್ತು ವರ್ಷ ಹೀಗೇ ಹೇಳಿದ್ದೇನೆ,
ಕೊಬ್ಬರಿ ಮಂಡಿಯ ಕಡೆಯಿಂದ ಬರುವ ಕಮಟು ಗಾಳಿಯಲ್ಲಿ.
ಅರ್ಧ ಮರೆತವರಿಗೆ
ಕೆಂಪು ಶಾಯಿಯ ಸೊನ್ನೆ ಸುತ್ತಿದ್ದೇನೆ.

ಎಂಟನೇ ಬಿ ಸೆಕ್ಷನ್ನಿನ ನಗೀನಾ
ಎದ್ದು ನಿಂತು ಕೇಳಿದಳು: ಅರ್ಧ ಯಾಕೆ ಸಾರ್?
ಸೂತ್ರ ಹಾಗಿದೆ, ಕೂತ್ಕೋ, ಎಂದೆ.
ಕೂತಳು. ಕೂತದ್ದರಲ್ಲಿ ಒಪ್ಪಿಗೆ ಇರಲಿಲ್ಲ,
ಮೇಷ್ಟರಿಗೆ ಅದು ಗೊತ್ತಾಗುತ್ತದೆ.

ಆ ರಾತ್ರಿ ಉಂಡು ಕೈ ತೊಳೆಯುವಾಗಲೂ ಅರ್ಧ.
ಬಿ.ಎಡ್.ನಲ್ಲಿ ಯಾರೋ ಹೇಳಿದ್ದಿರಬೇಕು, ಅವತ್ತು ನನಗೆ ರಜ.
ಪುಸ್ತಕದಲ್ಲಿ ಎರಡು ತ್ರಿಭುಜವಾಗಿ ಸೀಳಿ ಸಾಧಿಸಿದ್ದರು.
ಸ್ಟೇಷನ್ನಿನ ವಿಚಾರಣೆ ಕಿಂಡಿಯ ಉತ್ತರದ ಹಾಗೆ:
ಸುಳ್ಳಲ್ಲ,
ಆದರೆ ಕೇಳಿದ್ದು ಅದನ್ನಲ್ಲ.

ಸೋಮವಾರ ಅವಳು ಚೀಲದಿಂದ ತೆಗೆದಳು
ಎರಡು ಬಟ್ಟೆ ತುಂಡು, ಒಂದು ನೀಲಿ, ಒಂದು ಮರೂನು.
ಸೊಂಟದ ಕಡೆ ಆರಿಂಚು, ಪಾದದ ಕಡೆ ಹದಿನಾಲ್ಕು,
ಉದ್ದ ಮೂವತ್ತಾರು.
ಲಂಗದ ಕಲಿ ಸಾರ್, ಇಂಥವು ಆರು ಸೇರಿದರೆ ಒಂದು ಲಂಗ.
ಹುಡುಗರು ನಕ್ಕರು. ಲಂಗ ಎಂಬ ಮಾತಿಗೆ
ಹಿಂದಿನ ಬೆಂಚು ಹತ್ತೊಂಬತ್ತು ವರ್ಷದಿಂದ ನಗುತ್ತಿದೆ.

ಸ್ಟೇಷನ್ ರಸ್ತೆಯ ಮಹಡಿ ಮೆಟ್ಟಿಲ ಕೆಳಗೆ
ಒಂದೇ ಮಿಷನ್ನು, ಒಂದೇ ಬಲ್ಬು, ಅವಳ ಅಮ್ಮಿಯ ಅಂಗಡಿ.
ನನ್ನ ಹೆಂಡತಿಯ ಲಂಗಗಳೂ ಅಲ್ಲಿಯವೇ.
ನಮ್ಮ ಹಿತ್ತಲ ತಂತಿಯ ಮೇಲೆ ಆರಾರು ತ್ರಾಪಿಜ್ಯ
ದಿನವೂ ಒಣಗುತ್ತಿದ್ದವು;
ನಾನು ತಲೆ ಬಗ್ಗಿಸಿ ದಾಟಿ ಹೋಗುತ್ತಿದ್ದೆ.

ನಗೀನಾ ನಗಲಿಲ್ಲ. ನನ್ನ ಮೇಜಿನ ಮೇಲೆ
ನೀಲಿಯನ್ನು ನೆಟ್ಟಗೆ ಹಾಸಿದಳು,
ಅದರ ಮಗ್ಗುಲಿಗೆ ಮರೂನನ್ನು ತಲೆಕೆಳಗಾಗಿ.
ಒಂದರ ಸೊಂಟ ಇನ್ನೊಂದರ ಪಾದದ ಪಕ್ಕ ಕೂತು
ಓರೆಗೆ ಓರೆ ಒತ್ತಿಕೊಂಡು
ಮೇಲೂ ಇಪ್ಪತ್ತು, ಕೆಳಗೂ ಇಪ್ಪತ್ತು.
ಅಮ್ಮಿ ಹೀಗೇ ಕತ್ತರಿಸೋದು ಸಾರ್,
ನೆಟ್ಟಗೊಂದು, ತಲೆಕೆಳಗೊಂದು.
ತುದೀಲಿ ಉಳಿಯೋ ಮೂಲೆ ಲಾಡಿಗೆ ಆಗುತ್ತೆ.

ಸ್ಕೇಲು ಇಟ್ಟೆ, ಇಡಬೇಕಾಗಿರಲಿಲ್ಲ.
ಇಪ್ಪತ್ತು ಇಂಟು ಮೂವತ್ತಾರು, ಏಳುನೂರ ಇಪ್ಪತ್ತು,
ಬರೆದ ಕೈ ಅಲ್ಲೇ ನಿಂತಿತು.
ಅದು ಎರಡರದ್ದು ಸಾರ್, ಎಂದಳು ಮೆಲ್ಲಗೆ,
ನನ್ನ ಮಾನ ಕಾಯುವವಳಂತೆ.
ಲೆಕ್ಕಕ್ಕೆ ಬೇಕಿದ್ದು ನೀಲಿ ಒಂದೇ.
ಮರೂನು ಕರಿಬಸಮ್ಮನೋರದ್ದು,
ಸಂಜೆ ಒಳಗೆ ಹೊಲಿದು ಕೊಡಬೇಕು.
ತಂದಿದ್ದು ಅಮ್ಮಿಗೆ ಗೊತ್ತಿಲ್ಲ.

ಹಾಗಾದರೆ ಅರ್ಧ ಎಂದರೆ
ಲೆಕ್ಕಕ್ಕೆಂದು ಕಡ ತಂದ ಜೋಡಿಯನ್ನು
ಲೆಕ್ಕ ಮುಗಿದ ಮೇಲೆ ಹಿಂತಿರುಗಿಸುವುದು.
ಸೊನ್ನೆ ಸುತ್ತಿದೆನಲ್ಲ, ಆ ಮಕ್ಕಳೆಲ್ಲ
ಕಡ ತೀರಿಸದೆ ಎದ್ದು ಹೋದವರು, ಅಷ್ಟೆ.
ಕಡ ತಂದಿದ್ದೀರಿ ಎಂದು
ಅವರಿಗೆ ಯಾರು ಹೇಳಿದ್ದರು?

ಮುನ್ನೂರ ಅರವತ್ತು ಎಂದು ಬರೆದು ತಿರುಗುವಷ್ಟರಲ್ಲಿ ಗಂಟೆ.
ಅವಳು ಮಡಚುತ್ತಿದ್ದಳು. ಮರೂನಿನ ಮೇಲೆ
ನನ್ನ ಬೆರಳಿನ ಸುಣ್ಣ, ಎರಡು ಬಿಳಿ ಗೀರು.
ಕೊಡವಿದರೆ ಇನ್ನಷ್ಟು ಹರಡಿತು.
ಅಮ್ಮಿ ಕೇಳಿದರೆ? ಎಂದೆ.
ಮಾರ್ಕು ಅಂತೀನಿ ಸಾರ್, ಎಂದಳು,
ಅಮ್ಮೀನೂ ಸೀಮೆಸುಣ್ಣದಲ್ಲೇ ಹಾಕೋದು.